‘ಪರ’: ಒಂದು ನುಡಿಯ ನಡೆ

(ಮುಂಬ್ರಾದಲ್ಲಿ ನೀಡಿದ ದತ್ತಿ ಉಪನ್ಯಾಸದ ಪಠ್ಯ)



ಇಂದಿನ ಮಾತಿಗೆ ನಾನು ಆರಿಸಿಕೊಂಡಿರುವುದು ಎರಡಕ್ಷರದ ಒಂದು ಪದ: ‘ಪರ’. ಮನಸ್ಸು ತನ್ನನ್ನು ಬಿಟ್ಟು ಇನ್ನೊಬ್ಬರ ಕಡೆಗೆ ಹರಿಯುವುದನ್ನು ಹೇಳಲು ನಾವು ಬಳಸುವ ಹೆಚ್ಚಿನ ಪದಗಳು ಇದೇ ಬೇರಿನಿಂದ ಚಿಗುರಿದವು. ಪರಹಿತ, ಪರಾರ್ಥ, ಪರೋಪಕಾರ ಎನ್ನುತ್ತೇವೆ. ಇನ್ನೊಬ್ಬರನ್ನು ದೂರ ನಿಲ್ಲಿಸುವ ಪದಗಳೂ ಇದೇ ಬೇರಿನವು. ಪರಕೀಯ, ಪರದೇಶಿ, ಪರಪ್ರಾಂತೀಯ ಎಂದೂ ಎನ್ನುತ್ತೇವೆ. ಹತ್ತಿರ ತರುವ ಮಾತು, ದೂರ ಮಾಡುವ ಮಾತು ಎರಡೂ ಒಂದೇ ಪದದ ಹೊಟ್ಟೆಯಲ್ಲಿ ಹುಟ್ಟಿದ್ದು ಹೇಗೆ, ಒಂದರಿಂದ ಇನ್ನೊಂದಕ್ಕೆ ದಾಟುವುದು ಹೇಗೆ ಎಂಬುದು ನನ್ನ ಪ್ರಶ್ನೆ. ಊರು ಬಿಟ್ಟು ಬಂದು ಇನ್ನೊಂದು ಭಾಷೆಯ ನೆಲದಲ್ಲಿ ಬದುಕು ಕಟ್ಟಿಕೊಂಡ ನಮಗೆ ಈ ಪ್ರಶ್ನೆ ದಿನದಿನದ್ದು.

1. ಒಂದು ಪದ, ನಾಲ್ಕು ಮುಖ

ಕನ್ನಡದಲ್ಲಿ ‘ಪರ’ ಕನಿಷ್ಠ ನಾಲ್ಕು ಅರ್ಥಗಳಲ್ಲಿ ಓಡಾಡುತ್ತದೆ. ಮೊದಲನೆಯದು ಬೇರೆ, ಅನ್ಯ ಎಂಬುದು. ಪರರು, ಪರಸ್ಥಳ, ಪರಭಾಷೆ ಎಂದಾಗ ಈ ಅರ್ಥ. ಕಂದಾಯ ಕಚೇರಿಯ ಕಾಗದದಲ್ಲಿ ಆಸ್ತಿ ಇನ್ನೊಬ್ಬರ ಕೈಗೆ ಹೋಗುವುದಕ್ಕೆ ಈಗಲೂ ‘ಪರಭಾರೆ’ ಎಂದೇ ಹೆಸರು. ಎರಡನೆಯದು ಆಚೆಯದು, ಮೇಲಿನದು. ಇಹಪರ, ಪರಲೋಕ, ಪರತತ್ವ ಎಂಬಲ್ಲಿ ಇರುವುದು ಅದು. ಮೂರನೆಯದು ಒಂದರಲ್ಲೇ ನೆಟ್ಟ ಮನಸ್ಸು. ತತ್ಪರ ಎಂದರೆ ಅದರಲ್ಲೇ ತೊಡಗಿದವನು, ಕಾರ್ಯತತ್ಪರ ಎಂದರೆ ಕೆಲಸದಲ್ಲಿ ಮುಳುಗಿದವನು. ನಾಲ್ಕನೆಯದು ನಮ್ಮ ಪತ್ರಿಕೆಗಳಲ್ಲಿ ದಿನವೂ ಕಾಣುವಂಥದು. ಜನಪರ, ರೈತಪರ, ಜೀವಪರ, ಕನ್ನಡಪರ ಎನ್ನುತ್ತೇವೆ. ನ್ಯಾಯಾಲಯದ ವರದಿಯಲ್ಲಿ ‘ಅರ್ಜಿದಾರರ ಪರ ವಕೀಲರು’ ವಾದ ಮಂಡಿಸುತ್ತಾರೆ. ಇಲ್ಲಿ ‘ಪರ’ ಎಂದರೆ ಪಕ್ಷ ವಹಿಸಿ ನಿಂತವರು, ಜೊತೆಗೆ ನಿಂತವರು.

ಮೊದಲ ಅರ್ಥವನ್ನೂ ನಾಲ್ಕನೆಯದನ್ನೂ ಅಕ್ಕಪಕ್ಕ ಇಟ್ಟು ನೋಡಿ. ‘ಅವರು ಪರರು’ ಎಂದರೆ ನಮ್ಮವರಲ್ಲ. ‘ನಾವು ಅವರ ಪರ’ ಎಂದರೆ ಅವರ ಬೆನ್ನಿಗೆ ನಿಂತಿದ್ದೇವೆ. ಅಕ್ಷರ ಬದಲಾಗಿಲ್ಲ, ನಾವು ನಿಂತ ಜಾಗ ಬದಲಾಗಿದೆ. ‘ಪರದೇಸಿ’ ಎಂಬ ಮಾತಿನ ಗತಿಯನ್ನೂ ನೋಡಿ. ಬೇರೆ ದೇಶದವನು ಎಂಬಷ್ಟೇ ಇದ್ದ ಮಾತು ನಮ್ಮ ಹಳ್ಳಿಗಳ ಬಾಯಲ್ಲಿ ಹಿಂದುಮುಂದು ಯಾರೂ ಇಲ್ಲದವನು, ದಿಕ್ಕಿಲ್ಲದವನು ಎಂದಾಯಿತು. ಮರುಕಕ್ಕೂ ಅದೇ ಮಾತು, ಬೈಗುಳಕ್ಕೂ ಅದೇ. ಊರು ಬಿಟ್ಟವನಿಗೆ ಯಾರೂ ಇರುವುದಿಲ್ಲ ಎಂಬ ಲೋಕದ ಅನುಭವ ಆ ಪದದಲ್ಲಿ ಹೆಪ್ಪುಗಟ್ಟಿದೆ.

2. ಹೊರಮುಖದ ಎಚ್ಚರಿಕೆ

ಇನ್ನೊಬ್ಬರ ಕಡೆಗೆ ಮುಖ ಮಾಡುವುದೆಲ್ಲ ಒಳ್ಳೆಯದೇ ಎಂದು ನಮ್ಮ ಹಿರಿಯರು ಒಪ್ಪಿದವರಲ್ಲ. ವಚನಗಳಲ್ಲಿ ಪರಧನ, ಪರಸತಿ, ಪರನಿಂದೆ ಎಂಬ ಮಾತುಗಳು ಮತ್ತೆ ಮತ್ತೆ ಬರುತ್ತವೆ. ಅಲ್ಲಿ ‘ಪರ’ ಎಂದರೆ ಮುಟ್ಟಬಾರದ ಗೆರೆ. ಪರಚಿಂತೆಯನ್ನೂ ಬಸವಣ್ಣ ದೂರ ಇಡಲು ಹೇಳಿದ. ನೆರೆಮನೆಯವರ ಬದುಕನ್ನು ಅಳೆಯುತ್ತ ಕೂರುವುದು ಕಾಳಜಿಯಲ್ಲ, ಕೆಟ್ಟ ಕುತೂಹಲ ಎಂಬ ತಿಳಿವಳಿಕೆ ಅಲ್ಲಿದೆ. ಪರರ ಹಿತವನ್ನು ನೋಡುವ ಮೊದಲು ಪರರದ್ದನ್ನು ಮುಟ್ಟದಿರುವುದನ್ನು ಕಲಿಯಬೇಕು ಎಂಬುದು ಈ ಪದಗಳ ಮೊದಲ ಪಾಠ.

ಕಠೋಪನಿಷತ್ತು ಇಂದ್ರಿಯಗಳ ಬಾಗಿಲು ಹೊರಕ್ಕೇ ತೆರೆದುಕೊಂಡಿವೆ ಎಂದು ಹೇಳಿ, ಒಳಕ್ಕೆ ನೋಡುವವನನ್ನು ಧೀರನೆಂದು ಕರೆಯಿತು. ಜೈನ ಆಚಾರ್ಯರು ಆತ್ಮದ ಮೂರು ನೆಲೆಗಳನ್ನು ಹೇಳುವಾಗ ಬಹಿರಾತ್ಮನನ್ನು ಎಲ್ಲಕ್ಕಿಂತ ಕೆಳಗಿಟ್ಟರು. ಈ ಪರಂಪರೆಯಲ್ಲಿ ಬೆಳೆದ ‘ಬಹಿರ್ಮುಖ’ ಎಂಬ ಪದಕ್ಕೆ ಚಂಚಲತೆಯ ಛಾಯೆ ಇತ್ತು. ಸ್ವಿಸ್ ಮನಶ್ಶಾಸ್ತ್ರಜ್ಞ ಕಾರ್ಲ್ ಯೂಂಗ್ 1921ರಲ್ಲಿ ಮನುಷ್ಯರ ಸ್ವಭಾವಗಳನ್ನು ಎರಡಾಗಿ ವಿಂಗಡಿಸಿ ಬರೆದ ಮೇಲೆ, ಅದೇ ಬಹಿರ್ಮುಖಿ ಎಂಬ ಮಾತು ಕನ್ನಡದಲ್ಲಿ ಹತ್ತು ಜನರೊಡನೆ ಬೆರೆಯುವವನು ಎಂಬ ಹೊಸ ಅರ್ಥ ಪಡೆಯಿತು. ಆದರೆ ಹತ್ತು ಜನರ ನಡುವೆ ಸಲೀಸಾಗಿ ಮಾತಾಡುವವನು ಒಬ್ಬನ ಕಷ್ಟಕ್ಕೂ ಕಿವಿಗೊಡದೆ ಇರಬಹುದು. ಮಾತೇ ಆಡದವನು ರಾತ್ರಿಯಿಡೀ ಆಸ್ಪತ್ರೆಯ ಬೆಂಚಿನ ಮೇಲೆ ಅಪರಿಚಿತನ ರೋಗಿಗಾಗಿ ಕಾದು ಕೂತಿರಬಹುದು. ಇನ್ನೊಂದು ಪದವಿದೆ, ‘ಪರಾಙ್ಮುಖ’. ಅವನ ಮುಖವೂ ಆಚೆಗೇ ತಿರುಗಿದೆ, ಆದರೆ ಅದು ಬೆನ್ನು ಕೊಟ್ಟದ್ದು. ಆದ್ದರಿಂದ ಮುಖ ಎತ್ತ ತಿರುಗಿದೆ ಎಂಬುದರಿಂದ ಪರಾರ್ಥ ತೀರ್ಮಾನವಾಗುವುದಿಲ್ಲ. ಫಲ ಎತ್ತ ಹೋಗುತ್ತದೆ ಎಂಬುದರಿಂದ ಆಗುತ್ತದೆ.

3. ಕೊಳ್ಳುವುದು, ಕೊಡುವುದು

ಫಲ ಎತ್ತ ಹೋಗುತ್ತದೆ ಎಂಬ ಮಾತು ನನ್ನದಲ್ಲ, ಪಾಣಿನಿಯದು. ಸಂಸ್ಕೃತದಲ್ಲಿ ಕ್ರಿಯಾಪದಕ್ಕೆ ಎರಡು ಬಗೆಯ ಪ್ರತ್ಯಯಗಳು. ತನಗಾಗಿ ಎಂಬ ಹೆಸರಿನ ಆತ್ಮನೇಪದ, ಇನ್ನೊಬ್ಬರಿಗಾಗಿ ಎಂಬ ಹೆಸರಿನ ಪರಸ್ಮೈಪದ. ಕೆಲವು ಧಾತುಗಳಲ್ಲಿ ಕ್ರಿಯೆಯ ಫಲ ಮಾಡಿದವನಿಗೇ ಸಲ್ಲುವುದಾದರೆ ಆತ್ಮನೇಪದ ಎಂದು ಪಾಣಿನಿ ಹೇಳುತ್ತಾನೆ. ಯಜ್ಞವನ್ನು ತನ್ನ ಸಲುವಾಗಿ ಮಾಡಿಸುವ ಯಜಮಾನನಿಗೆ ‘ಯಜತೇ’, ಅವನ ಸಲುವಾಗಿ ಮಾಡುವ ಋತ್ವಿಜನಿಗೆ ‘ಯಜತಿ’. ತನಗಾಗಿ ಬೇಯಿಸಿಕೊಳ್ಳುವವನಿಗೆ ‘ಪಚತೇ’, ಇನ್ನೊಬ್ಬರಿಗೆ ಬೇಯಿಸಿ ಹಾಕುವವನಿಗೆ ‘ಪಚತಿ’. ಮುಂಬಯಿಯ ಉಡುಪಿ ಹೋಟೆಲುಗಳ ಅಡುಗೆಮನೆಯಲ್ಲಿ ಹೊಗೆ ಕುಡಿದು ಊರೂರಿನವರಿಗೆ ಉಣಬಡಿಸಿದ ನಮ್ಮ ಹುಡುಗರ ತಲೆಮಾರುಗಳನ್ನು ನೆನೆದರೆ ‘ಪಚತಿ’ ಎಂಬ ಆ ರೂಪ ಬರಿಯ ವ್ಯಾಕರಣವಾಗಿ ಉಳಿಯುವುದಿಲ್ಲ.

ತರ್ಕಶಾಸ್ತ್ರದಲ್ಲಿಯೂ ಇದೇ ಜೋಡಿ ಇದೆ. ಬೆಟ್ಟದ ಮೇಲೆ ಹೊಗೆ ಕಂಡು ಅಲ್ಲಿ ಬೆಂಕಿಯಿದೆ ಎಂದು ನನ್ನಷ್ಟಕ್ಕೆ ನಾನು ತಿಳಿದರೆ ಅದು ಸ್ವಾರ್ಥಾನುಮಾನ. ಅದನ್ನೇ ಇನ್ನೊಬ್ಬರಿಗೆ ಮನವರಿಕೆಯಾಗುವಂತೆ ಐದು ಅಂಗಗಳಲ್ಲಿ ಬಿಡಿಸಿ ಹೇಳಿದರೆ ಪರಾರ್ಥಾನುಮಾನ. ಬೌದ್ಧ ತಾರ್ಕಿಕ ದಿಙ್ನಾಗನಿಂದ ಹಿಡಿದು 17ನೇ ಶತಮಾನದ ಅನ್ನಂಭಟ್ಟನ ತರ್ಕಸಂಗ್ರಹದವರೆಗೆ ಈ ವಿಂಗಡಣೆ ನಡೆದುಬಂದಿದೆ. ಇಲ್ಲಿ ಸ್ವಾರ್ಥ ಎಂಬುದು ಬೈಗುಳವಲ್ಲ. ತಾನು ತಿಳಿಯದೆ ಇನ್ನೊಬ್ಬರಿಗೆ ತಿಳಿಸಲಾಗದು. ಸ್ವಾರ್ಥವನ್ನು ಮೊದಲ ಮೆಟ್ಟಿಲೆಂದೂ ಪರಾರ್ಥವನ್ನು ಎರಡನೆಯದೆಂದೂ ತಿಳಿದ ಈ ಶಾಸ್ತ್ರದ ವಿವೇಕ ದೊಡ್ಡದು. ಫ್ರಾನ್ಸಿನ ಆಗಸ್ಟ್ ಕಾಂಟ್ 19ನೇ ಶತಮಾನದ ನಡುವೆ, ಇನ್ನೊಬ್ಬ ಎಂಬರ್ಥದ ಲ್ಯಾಟಿನ್ ಮೂಲದಿಂದ ‘ಆಲ್ಟ್ರೂಯಿಸಂ’ ಎಂಬ ಪದವನ್ನು ಟಂಕಿಸಿದಾಗ ಅದನ್ನು ಸ್ವಾರ್ಥಕ್ಕೆ ಎದುರಾಳಿಯಾಗಿ ನಿಲ್ಲಿಸಿದ. ನಾವು ಅದನ್ನು ಪರಹಿತ, ಪರಾರ್ಥ ಎಂದೆಲ್ಲ ಕನ್ನಡಿಸಿಕೊಂಡೆವು. ಹಾಗೆ ಕನ್ನಡಿಸುವಾಗ ನಮ್ಮ ಹಳೆಯ ಪದದೊಳಗಿದ್ದ ಮೆಟ್ಟಿಲುಗಳು ಮರೆತುಹೋದವು, ಎದುರಾಳಿತನ ಮಾತ್ರ ಉಳಿಯಿತು.

ಇದೆಲ್ಲ ಸಂಸ್ಕೃತದ ದಾರಿ. ಅಚ್ಚಗನ್ನಡಕ್ಕೆ ಪರಾರ್ಥವನ್ನು ಹೇಳುವ ಉಪಾಯವಿಲ್ಲವೆ? ಇದೆ, ಮತ್ತು ಅದು ನಾವು ಹಗಲಿಡೀ ಆಡುವ ಮಾತಿನಲ್ಲೇ ಇದೆ. ಕ್ರಿಯೆಯ ಬೆನ್ನಿಗೆ ‘ಕೊಳ್ಳು’ ಸೇರಿಸಿದರೆ ಫಲ ತನ್ನ ಕಡೆಗೆ, ‘ಕೊಡು’ ಸೇರಿಸಿದರೆ ಇನ್ನೊಬ್ಬರ ಕಡೆಗೆ. ಬರೆದುಕೊಂಡ, ಬರೆದುಕೊಟ್ಟ. ತುಂಬಿಕೊಂಡ, ತುಂಬಿಕೊಟ್ಟ. ಬಿಡಿಸಿಕೊಂಡ, ಬಿಡಿಸಿಕೊಟ್ಟ. ತನ್ನ ನೋವನ್ನೋ ಹೆಮ್ಮೆಯನ್ನೋ ಆಡಿದರೆ ‘ಹೇಳಿಕೊಂಡ’. ಇನ್ನೊಬ್ಬರಿಗೆ ವಿದ್ಯೆ ಕಲಿಸಿದರೆ ‘ಹೇಳಿಕೊಟ್ಟ’. ಹೇಳುವುದೂ ಕೊಡುವುದೂ ಸೇರಿದರೆ ಕಲಿಸುವುದು ಎಂದು ಅರ್ಥ ಬರುವಂತೆ ಮಾಡಿದ ಭಾಷೆ ನಮ್ಮದು.

ಇದಕ್ಕೊಂದು ಅಪವಾದವೂ ಇದೆ. ನನಗೆ ಅದು ಎಲ್ಲಕ್ಕಿಂತ ಮುಖ್ಯ. ‘ಮುದಿ ತಾಯಿಯನ್ನು ಮಗಳು ನೋಡಿಕೊಳ್ಳುತ್ತಾಳೆ’ ಎನ್ನುತ್ತೇವೆ. ಆರೈಕೆ ತಾಯಿಗೆ ಸಲ್ಲುತ್ತಿದೆ, ಆದರೆ ಕ್ರಿಯಾಪದ ‘ನೋಡಿಕೊಡು’ ಅಲ್ಲ, ‘ನೋಡಿಕೊಳ್ಳು’. ಸುಮ್ಮನೆ ನೋಡಿದರೆ ಅದು ನೋಟ. ನೋಡಿ ತನ್ನದಾಗಿ ಮಾಡಿಕೊಂಡರೆ ಅದು ಆರೈಕೆ. ‘ಕೊಡು’ ಎಂಬುದರಲ್ಲಿ ಕೊಡುವವನ ಕೈ ಮೇಲೆ, ಪಡೆಯುವವನ ಕೈ ಕೆಳಗೆ ಉಳಿದುಬಿಡುವ ಅಪಾಯವುಂಟು. ‘ನೋಡಿಕೊಳ್ಳು’ ಎಂಬಲ್ಲಿ ಆ ಮೇಲುಕೀಳು ಅಳಿಯುತ್ತದೆ. ಪರರು ಪರರಾಗಿ ಉಳಿದಿರುವಾಗ ಕೊಡುತ್ತೇವೆ, ಅವರು ನಮ್ಮವರಾದಾಗ ನೋಡಿಕೊಳ್ಳುತ್ತೇವೆ.

4. ಕಾನ್ಹೇರಿಯ ನೂರು ದ್ರಮ್ಮ

ನಾವು ನಿಂತಿರುವ ಈ ಸೀಮೆಗೂ ಈ ಪದಕ್ಕೂ ಹಳೆಯ ನಂಟು ಇದೆ. 9ನೇ ಶತಮಾನದಲ್ಲಿ ಉತ್ತರ ಕೊಂಕಣವನ್ನು ಆಳುತ್ತಿದ್ದವರು ಶಿಲಾಹಾರರು. ಈ ಥಾಣೆಯೇ ಮುಂದೆ ಅವರ ದೊಡ್ಡ ಪಟ್ಟಣವಾಯಿತು. ಅವರ ಮೇಲಿನ ಒಡೆಯ ಮಾನ್ಯಖೇಟದ ರಾಷ್ಟ್ರಕೂಟ ದೊರೆ ಅಮೋಘವರ್ಷ ನೃಪತುಂಗ. ಸಂಜಯ ಗಾಂಧಿ ರಾಷ್ಟ್ರೀಯ ಉದ್ಯಾನದ ಕಾಡಿನೊಳಗೆ ಇರುವ ಕಾನ್ಹೇರಿ ಗುಹೆಗಳಲ್ಲಿ ಶಿಲಾಹಾರ ಕಪರ್ದಿಯ ಕಾಲದ, ಅಮೋಘವರ್ಷನ ಹೆಸರು ಹೊತ್ತ ಶಾಸನಗಳಿವೆ. ಅವುಗಳಲ್ಲಿ ಒಂದು, ಕ್ರಿ.ಶ. 853ರ ಸುಮಾರಿನದು, ಗೌಡ ದೇಶದಿಂದ, ಎಂದರೆ ಇಂದಿನ ಬಂಗಾಳದ ಕಡೆಯಿಂದ, ಬಂದ ಅವಿಘ್ನಾಕರ ಎಂಬ ಬೌದ್ಧ ಉಪಾಸಕನ ದತ್ತಿಯನ್ನು ದಾಖಲಿಸುತ್ತದೆ. ಭಿಕ್ಷುಗಳ ಧ್ಯಾನಕ್ಕೆ ಕೋಣೆ, ಅವರ ಉಡುಗೆಗೆ ನೂರು ದ್ರಮ್ಮ ನಾಣ್ಯಗಳ ನಿಧಿ.

ಇಂಥ ನಿಧಿಗೆ ಶಾಸನಗಳ ಭಾಷೆಯಲ್ಲಿ ಅಕ್ಷಯನೀವಿ ಎಂದು ಹೆಸರು. ಮೂಲಧನ ಮುಟ್ಟುವಂತಿಲ್ಲ, ಬಡ್ಡಿಯಿಂದ ಕೆಲಸ ನಡೆಯಬೇಕು. ಇಂದಿನ ಈ ಉಪನ್ಯಾಸ ನಡೆಯುತ್ತಿರುವುದೂ ಅದೇ ಏರ್ಪಾಟಿನಲ್ಲಿ. ದತ್ತಿ ಇಟ್ಟವರು ಕಾಣದ ಕೇಳುಗರಿಗಾಗಿ ಹಣ ಇಟ್ಟಿದ್ದಾರೆ. ದೂರದ ಬಂಗಾಳಿಯೊಬ್ಬ ಪರಸ್ಥಳದ ಗುಹೆಯಲ್ಲಿ, ತಾನು ಕಾಣದ ಭಿಕ್ಷುಗಳಿಗಾಗಿ ಇಟ್ಟ ಆ ನೂರು ದ್ರಮ್ಮಕ್ಕಿಂತ ಚೆನ್ನಾಗಿ ‘ಪರಾರ್ಥ’ವನ್ನು ಯಾವ ನಿಘಂಟೂ ವಿವರಿಸಲಾರದು. ದಾನಶಾಸನಗಳ ಕೊನೆಯಲ್ಲಿ ಬರುವ ಶ್ಲೋಕಗಳು ತಾನು ಕೊಟ್ಟದ್ದಾಗಲಿ ಪರರು ಕೊಟ್ಟದ್ದಾಗಲಿ ಕಿತ್ತುಕೊಂಡವನಿಗೆ ಶಾಪ ಹಾಕುತ್ತವೆ. ಕೊಡುವುದಕ್ಕಿಂತ ಕೊಟ್ಟದ್ದನ್ನು ಕಾಯುವುದೇ ಮೇಲು ಎಂದೂ ಹೇಳುತ್ತವೆ. ಪರದತ್ತವನ್ನು ಕಾಯುವವನಿಗೆ ಹೆಸರು ಸಿಗುವುದಿಲ್ಲ. ಹೆಸರಿಲ್ಲದ ಆ ಕೆಲಸವನ್ನು ಶಾಸನ ಬರೆದವರು ಮೇಲಿಟ್ಟರು.

ಅದೇ ಅಮೋಘವರ್ಷನ ಆಸ್ಥಾನದಲ್ಲಿ ಅದೇ ಕಾಲದಲ್ಲಿ ಕವಿರಾಜಮಾರ್ಗ ಸಿದ್ಧವಾಯಿತು. ನಮಗೆ ದೊರೆತ ಕನ್ನಡದ ಮೊದಲ ಗ್ರಂಥ ಅದು. ಪರರ ವಿಚಾರವನ್ನೂ ಪರರ ಧರ್ಮವನ್ನೂ ಸೈರಿಸಬಲ್ಲ ಶಕ್ತಿಯೇ ನಿಜವಾದ ಹೊನ್ನು ಎಂಬ ಮಾತು ಅದರಲ್ಲಿದೆ. ಜೈನಧರ್ಮಕ್ಕೆ ಒಲಿದ ಸಾಮ್ರಾಟ, ಅವನ ಕೈಕೆಳಗಿನ ಶಿಲಾಹಾರ ಸಾಮಂತ, ಬಂಗಾಳದಿಂದ ಬಂದ ಬೌದ್ಧ ದಾನಿ. ಈ ಮೂವರೂ ಒಂದೇ ಕಲ್ಲಿನ ಮೇಲೆ ಇರುವುದನ್ನು ಕಂಡಾಗ ಕವಿರಾಜಮಾರ್ಗದ ಆ ಮಾತು ಬರೀ ಹಾರೈಕೆಯಲ್ಲ, ಆ ಕಾಲದ ಆಡಳಿತದ ನಡೆಯೂ ಆಗಿತ್ತು ಎಂದು ನನಗೆ ತೋರುತ್ತದೆ.

5. ನಮ್ಮವರು ಎಂಬ ಬೇಲಿ

ಇನ್ನು ನಮ್ಮ ಕಾಲಕ್ಕೆ ಬರೋಣ. ಕರಾವಳಿಯಿಂದ, ಘಟ್ಟದ ಮೇಲಿನಿಂದ, ಬಯಲುಸೀಮೆಯಿಂದ ಮುಂಬಯಿಗೆ ಬಂದ ಕನ್ನಡಿಗರು ಇಲ್ಲಿ ಪರಸ್ಥಳದವರು. 1960ರ ದಶಕದಲ್ಲಿ ದಕ್ಷಿಣದವರ ವಿರುದ್ಧ ಈ ನಗರದಲ್ಲಿ ಚಳವಳಿ ಎದ್ದಾಗ ಹೋಟೆಲುಗಳ ಮೇಲೆ ಕಲ್ಲು ಬಿದ್ದದ್ದು ಹಿರಿಯರಿಗೆ ನೆನಪಿದೆ. ‘ಪರಪ್ರಾಂತೀಯ’ ಎಂಬ ಮರಾಠಿ ಮಾತು ನಮ್ಮ ಬೆನ್ನ ಮೇಲೂ ಬಿದ್ದಿದೆ.

ಪರಸ್ಥಳದಲ್ಲಿ ಒಬ್ಬರಿಗೊಬ್ಬರು ಆಸರೆಯಾಗಲು ಈ ಜನ ಕಟ್ಟಿದ್ದು ಅಷ್ಟಿಷ್ಟಲ್ಲ. ಮೊಗವೀರ ವ್ಯವಸ್ಥಾಪಕ ಮಂಡಳಿ 1902ರಲ್ಲಿ ಹುಟ್ಟಿತು. ಶ್ರೀಪಾದ ಸುಬ್ಬರಾವ್ ತಲಮಕಿ ಅವರು 1906ರಲ್ಲಿ ಶಾಮರಾವ್ ವಿಠ್ಠಲ ಸಹಕಾರಿ ಬ್ಯಾಂಕನ್ನು ಕಟ್ಟಿದರು. ಗಾಂವದೇವಿಯಲ್ಲಿ 1915ರಲ್ಲಿ ಸಾರಸ್ವತರ ಸಹಕಾರಿ ಗೃಹನಿರ್ಮಾಣ ಸಂಘವನ್ನು ನೆಲೆಗೊಳಿಸಿದರು. ದೇಶದ ಸಹಕಾರಿ ವಸತಿಯ ಮೊದಮೊದಲ ಪ್ರಯತ್ನಗಳಲ್ಲಿ ಅದೂ ಒಂದು. ಮೈಸೂರು ಅಸೋಸಿಯೇಷನ್ 1926ರಲ್ಲಿ, ಬಂಟರ ಸಂಘ 1927ರಲ್ಲಿ, ಕರ್ನಾಟಕ ಸಂಘ 1933ರಲ್ಲಿ ಬಂದವು. ಥಾಣೆಯ ನವೋದಯ ಕನ್ನಡ ಸೇವಾ ಸಂಘ, ಡೊಂಬಿವಲಿ ಕರ್ನಾಟಕ ಸಂಘದ ಮಂಜುನಾಥ ವಿದ್ಯಾಲಯ ನಮ್ಮ ಈ ಭಾಗದಲ್ಲೇ ಬೆಳೆದವು. ಇವೆಲ್ಲಕ್ಕೂ ಕಳಶವಿಟ್ಟಂತೆ ಕನ್ನಡ ರಾತ್ರಿಶಾಲೆಗಳಿದ್ದವು. ಹಗಲೆಲ್ಲ ತಟ್ಟೆ ಲೋಟ ತೊಳೆದ ಹುಡುಗ ಸಂಜೆ ಕೈ ಒರೆಸಿಕೊಂಡು ಬಂದು ಸ್ಲೇಟು ಹಿಡಿಯುತ್ತಿದ್ದ. ಕಚೇರಿಯ ಕೆಲಸ ಮುಗಿಸಿ ದಣಿದು ಬಂದ ಗುಮಾಸ್ತರು ಅವನಿಗೆ ಹೇಳಿಕೊಡುತ್ತಿದ್ದರು. ಅಲ್ಲಿ ಓದಿ ಮುಂದೆ ವಕೀಲರು, ಉದ್ಯಮಿಗಳು, ಬರಹಗಾರರು ಆದವರ ಮಕ್ಕಳು ಮೊಮ್ಮಕ್ಕಳು ಈ ಪ್ರದೇಶದ ತುಂಬ ಇದ್ದಾರೆ.

ಈ ಸಾಧನೆಗೆ ನಾನು ಕೈಮುಗಿಯುತ್ತೇನೆ. ಆದರೆ ದತ್ತಿ ಉಪನ್ಯಾಸದ ವೇದಿಕೆ ಹೊಗಳಿಕೆಗಷ್ಟೇ ಇರುವುದಲ್ಲ. ಇವುಗಳಲ್ಲಿ ಬಹಳಷ್ಟು ಸಂಸ್ಥೆಗಳು ಒಂದೊಂದು ಜಾತಿಯ, ಒಂದೊಂದು ಸೀಮೆಯ ಸುತ್ತ ಕಟ್ಟಿದಂಥವು. ಆ ಕಾಲಕ್ಕೆ ಅದು ಸಹಜವಾಗಿತ್ತು. ಗುರುತಿಲ್ಲದ ಪಟ್ಟಣದಲ್ಲಿ ಸಾಲಕ್ಕೆ ಜಾಮೀನು ನಿಲ್ಲುವವನು ಗುರುತಿನವನೇ ಆಗಬೇಕಿತ್ತು. ಹಾಗೆ ಆರಂಭವಾದ ಬ್ಯಾಂಕುಗಳು ಇಂದು ಎಲ್ಲರಿಗೂ ಬಾಗಿಲು ತೆರೆದಿವೆ, ನಮ್ಮ ಶಾಲೆಗಳಲ್ಲಿ ಎಲ್ಲ ಭಾಷೆಯ ಮಕ್ಕಳು ಓದುತ್ತಿದ್ದಾರೆ. ಆದರೂ ಸಹಾಯದ ಮಾತು ಬಂದಾಗ ನಮ್ಮ ನಾಲಗೆಯಲ್ಲಿ ಮೊದಲು ಬರುವ ಪ್ರಶ್ನೆ ಇಂದಿಗೂ ‘ನಮ್ಮವರಾ?’ ಎಂಬುದೇ. ನಮ್ಮವರಿಗೆ ಮಾಡುವುದು ಕರ್ತವ್ಯ, ಋಣ ತೀರಿಸುವುದು. ಅದನ್ನು ಪರೋಪಕಾರ ಎಂದು ಕರೆದುಕೊಂಡರೆ ಪದಕ್ಕೆ ಮೋಸ ಮಾಡಿದಂತೆ. ಪರೋಪಕಾರದಲ್ಲಿ ‘ಪರ’ ಇರಬೇಕು.

ತುಳು ಬಲ್ಲವರಿಗೆ ಗೊತ್ತು, ಅಲ್ಲಿ ‘ನಾವು’ ಎನ್ನಲು ಎರಡು ಪದ. ಕೇಳುವವನನ್ನು ಹೊರಗಿಟ್ಟರೆ ‘ಎಂಕುಲು’, ಒಳಗೊಂಡರೆ ‘ನಮ’. ಮರಾಠಿಯಲ್ಲಿಯೂ ಹಾಗೆಯೇ. ಹೊರಗಿಡುವ ‘ಆಮ್ಹಿ’, ಒಳಗೊಳ್ಳುವ ‘ಆಪಣ’. ಇಂದಿನ ಕನ್ನಡದಲ್ಲಿ ‘ನಾವು’ ಒಂದೇ. ಅದರೊಳಗೆ ಎದುರಿಗಿರುವವನು ಇದ್ದಾನೋ ಇಲ್ಲವೋ ಎಂಬುದನ್ನು ವ್ಯಾಕರಣ ಹೇಳುವುದಿಲ್ಲ, ಆಡುವವನ ಮನಸ್ಸು ಹೇಳಬೇಕು. ಭಾಷೆ ನಮಗೆ ಬಿಟ್ಟುಕೊಟ್ಟಿರುವ ಈ ಸ್ವಾತಂತ್ರ್ಯ ಜವಾಬ್ದಾರಿಯೂ ಹೌದು.

6. ಬೇಲಿ ದಾಟಿದ ಮೂವರು

ಬೇಲಿಯನ್ನು ದಾಟಿದವರು ನಮ್ಮಲ್ಲಿ ಇದ್ದಾರೆ. ಕಾಸರಗೋಡಿನಲ್ಲಿ 1859ರಲ್ಲಿ ಹುಟ್ಟಿದ ಕುದ್ಮುಲ್ ರಂಗರಾಯರು ಮಂಗಳೂರಿನಲ್ಲಿ ವಕೀಲರಾಗಿದ್ದವರು, ಸಾರಸ್ವತ ಬ್ರಾಹ್ಮಣರು. 1892ರಲ್ಲಿ ಅವರು ದಲಿತ ಮಕ್ಕಳಿಗಾಗಿ ಶಾಲೆ ತೆರೆದರು. ಅದಕ್ಕಾಗಿ ಸ್ವಜನರೇ ಅವರನ್ನು ದೂರವಿಟ್ಟರು. ಪರರ ಪರ ನಿಂತದ್ದಕ್ಕೆ ತಮ್ಮವರಿಗೇ ಪರಕೀಯರಾದರು. ತಮ್ಮ ಶಾಲೆಯಲ್ಲಿ ಓದಿದ ಮಗು ದೊಡ್ಡ ಹುದ್ದೆಗೇರಿ ಮೋಟಾರಿನಲ್ಲಿ ಹೋಗುವಾಗ ಏಳುವ ಧೂಳು ತಮ್ಮ ತಲೆಗೆ ತಾಗಿದರೆ ಜನ್ಮ ಸಾರ್ಥಕ ಎಂಬುದು ಅವರ ಆಸೆಯಾಗಿತ್ತು. ಕೊಡುವವನ ಕೈ ಮೇಲಿರಬೇಕು ಎಂಬ ಅಹಂಕಾರವನ್ನು ಅವರು ತಲೆಕೆಳಗು ಮಾಡಿದರು. ತನಗಿಂತ ಮೇಲೆ ಏರಲಿ ಎಂದು ಬಯಸಿ ಕೊಟ್ಟರು.

ಜಮಖಂಡಿಯಲ್ಲಿ 1873ರಲ್ಲಿ ಹುಟ್ಟಿದ ವಿಠ್ಠಲ ರಾಮಜಿ ಶಿಂದೆ ಮರಾಠಾ ಮನೆತನದವರು. 1906ರಲ್ಲಿ ಮುಂಬಯಿಯಲ್ಲಿ ಡಿಪ್ರೆಸ್ಡ್ ಕ್ಲಾಸಸ್ ಮಿಷನ್ ಸ್ಥಾಪಿಸಿ ಅಸ್ಪೃಶ್ಯರ ಶಿಕ್ಷಣಕ್ಕೆ ಬದುಕನ್ನೇ ತೊಡಗಿಸಿದರು. ತಲಮಕಿಯವರು ಮುಂಬಯಿಯಲ್ಲಿ ತಮ್ಮ ಸಮುದಾಯದ ಬ್ಯಾಂಕನ್ನು ಕಟ್ಟಿದ್ದೂ ಅದೇ ವರ್ಷ. ಎರಡೂ ಬೇಕಾಗಿದ್ದ ಕೆಲಸಗಳೇ. ಆದರೆ ಎರಡು ಬಗೆಯ ಕೆಲಸಗಳು ಎಂಬುದನ್ನು ಮರೆಯಬಾರದು.

ಮೂರನೆಯವರು ಜಾರ್ಜ್ ಫರ್ನಾಂಡಿಸ್. ಮಂಗಳೂರಿನ ಈ ತರುಣ 1949ರಲ್ಲಿ ಮುಂಬಯಿಗೆ ಬಂದಾಗ ಮಲಗಲು ಚೌಪಾಟಿಯ ಬೆಂಚೇ ಗತಿಯಾಗಿತ್ತು. ಬಂದರಿನ ಕಾರ್ಮಿಕರ ನಾಯಕ, ಅದೇ ಕರಾವಳಿಯ ಪ್ಲಾಸಿಡ್ ಡಿಮೆಲ್ಲೊ ಅವರ ಗರಡಿಯಲ್ಲಿ ಪಳಗಿ ಹೋಟೆಲ್ ಕಾರ್ಮಿಕರನ್ನು, ಟ್ಯಾಕ್ಸಿ ಚಾಲಕರನ್ನು, ಪೌರಕಾರ್ಮಿಕರನ್ನು ಸಂಘಟಿಸಿದರು. ಆ ಚಾಲಕರಲ್ಲಿ ಉತ್ತರದವರಿದ್ದರು, ಪೌರಕಾರ್ಮಿಕರಲ್ಲಿ ಮರಾಠಿಗರಿದ್ದರು. 1967ರಲ್ಲಿ ಅವರು ದಕ್ಷಿಣ ಮುಂಬಯಿಯಿಂದ ಎಸ್.ಕೆ. ಪಾಟೀಲರನ್ನು ಸೋಲಿಸಿ ಲೋಕಸಭೆಗೆ ಹೋದರು. 1974ರ ರೈಲ್ವೆ ಮುಷ್ಕರದ ಮುಂದಾಳುವಾದರು. ಅವರ ಮುಂದಿನ ರಾಜಕೀಯದ ಬಗ್ಗೆ ನಮ್ಮಲ್ಲಿ ಭಿನ್ನಾಭಿಪ್ರಾಯಗಳಿರಬಹುದು. ಪರಪ್ರಾಂತದಿಂದ ಬಂದ ಕಾರ್ಮಿಕ ನಾಯಕನೊಬ್ಬ ಈ ನಗರದ ದುಡಿಯುವವರ ಪರ ಆದದ್ದರಲ್ಲಿ ಭಿನ್ನಾಭಿಪ್ರಾಯವಿಲ್ಲ. ‘ಪರ’ ಎಂಬ ಪದದ ಮೊದಲ ಅರ್ಥದಿಂದ ನಾಲ್ಕನೆಯ ಅರ್ಥಕ್ಕೆ ನಡೆದು ಹೋದ ಬದುಕು ಅದು.

7. ಮುಂಬ್ರಾದ ಮಾತು

ಪಾರಸಿಕ ಬೆಟ್ಟಕ್ಕೂ ಖಾಡಿಯ ಹಿನ್ನೀರಿಗೂ ನಡುವಿನ ಈ ಮುಂಬ್ರಾ ಪರಸ್ಥಳದವರೇ ತುಂಬಿದ ಊರು. ಬೆಟ್ಟದ ಮೇಲೆ ಮುಂಬ್ರಾದೇವಿ, ಕೆಳಗೆ ಮಸೀದಿಗಳ ಸಾಲು. 1992–93ರ ಗಲಭೆಗಳ ಬಳಿಕ ಮುಂಬಯಿಯಲ್ಲಿ ಮನೆ ಕಳೆದುಕೊಂಡ, ನೆಮ್ಮದಿ ಕಳೆದುಕೊಂಡ ಎಷ್ಟೋ ಮುಸ್ಲಿಂ ಕುಟುಂಬಗಳು ಇಲ್ಲಿ ನೆಲೆ ಹುಡುಕಿಕೊಂಡವು. ತಾವು ಹುಟ್ಟಿದ ಪಟ್ಟಣದಲ್ಲೇ ಪರರಾದವರು ಅವರು. ಇಲ್ಲಿನ ಉರ್ದುವಿನಲ್ಲಿ ‘ಪರಾಯಾ’ ಎಂಬ ಪದ ನಮ್ಮ ‘ಪರ’ದ ಒಡಹುಟ್ಟು. ಅದೇ ಉರ್ದುವಿನಲ್ಲಿ ‘ಈಸಾರ್’ ಎಂಬ ಇನ್ನೊಂದು ಪದವಿದೆ. ತನಗೇ ಕೊರತೆಯಿರುವಾಗಲೂ ಇನ್ನೊಬ್ಬರನ್ನು ಮುಂದಿಡುವುದು ಎಂದು ಅದರ ಅರ್ಥ. ಮಕ್ಕಾದಿಂದ ಎಲ್ಲವನ್ನೂ ಬಿಟ್ಟು ಬಂದವರನ್ನು ಮದೀನಾದ ಅನ್ಸಾರರು ಹಾಗೆ ಬರಮಾಡಿಕೊಂಡರೆಂದು ಕುರಾನಿನ 59ನೇ ಅಧ್ಯಾಯ ಮೆಚ್ಚಿ ಹೇಳುತ್ತದೆ. ಮಿಕ್ಕದ್ದನ್ನು ಕೊಡುವುದಲ್ಲ, ತನಗೆ ಬೇಕಾದ್ದನ್ನೇ ಕೊಡುವುದು ಈಸಾರ್. ಕನ್ನಡಕ್ಕೆ ಬರಬೇಕಾದ ಪದ ಅದು.

ಈ ಗುಣ ಎಲ್ಲಿ ಕಾಣುತ್ತದೆ ಎಂದು ಕೇಳಿದರೆ ನಿಮ್ಮ ದಿನನಿತ್ಯದ ಲೋಕಲ್ ರೈಲನ್ನೇ ತೋರಿಸುತ್ತೇನೆ. ಕಲ್ಯಾಣ, ಡೊಂಬಿವಲಿಗಳಲ್ಲೇ ತುಂಬಿದ ಗಾಡಿ ಮುಂಬ್ರಾಕ್ಕೆ ಬಂದು ನಿಲ್ಲುತ್ತದೆ. ಸೆಕೆಂಡ್ ಕ್ಲಾಸಿನ ಬೆಂಚು ಮೂವರಿಗೆಂದು ಮಾಡಿದ್ದು. ನಾಲ್ಕನೆಯವರು ಬಂದು ನಿಂತು ಕೈಯಿಂದ ಸನ್ನೆ ಮಾಡುತ್ತಾರೆ, ಬಾಯಿಂದ ಏನೂ ಕೇಳುವುದಿಲ್ಲ. ಕಿಟಕಿಯ ಬಳಿ ಕೂತವರು ಗೋಡೆಗೆ ಒತ್ತುತ್ತಾರೆ, ನಡುವಿನವರು ಭುಜ ಓರೆ ಮಾಡುತ್ತಾರೆ, ಮೂರನೆಯವರು ಮೊಣಕಾಲು ಮಡಚುತ್ತಾರೆ. ಅಂಗೈ ಅಗಲದ ಜಾಗ ಹುಟ್ಟುತ್ತದೆ. ನಾಲ್ಕನೆಯವರು ಅರ್ಧ ಮೈ ಬೆಂಚಿನ ಮೇಲೆ, ಅರ್ಧ ಓಣಿಯಲ್ಲಿ ಇಟ್ಟು ಕೂರುತ್ತಾರೆ. ಅವರ ಚೀಲ ಗುರುತಿಲ್ಲದ ಮೂರು ಕೈಗಳನ್ನು ದಾಟಿ ಮೇಲಿನ ಹಲಗೆ ಸೇರುತ್ತದೆ. ಜಾತಿ, ಭಾಷೆ, ಊರು ಯಾರೂ ಕೇಳಿರುವುದಿಲ್ಲ. ಸರಿದುಕೊಂಡು ಸ್ಥಳ ಕೊಡುವುದು ಎಂಬ ಆ ಒಂದು ಚಲನೆಯಲ್ಲಿ ಕೊಳ್ಳುವುದೂ ಕೊಡುವುದೂ ಕೂಡಿಕೊಂಡಿವೆ.

ಆದರೆ ಬೆಂಚಿನ ಮೇಲಿನ ಒಳ್ಳೆಯತನ ಎಲ್ಲವನ್ನೂ ನೀಗಿಸದು. 2025ರ ಜೂನ್ 9ರ ಬೆಳಗ್ಗೆ ಇದೇ ಮುಂಬ್ರಾ ನಿಲ್ದಾಣದ ಬಳಿಯ ತಿರುವಿನಲ್ಲಿ, ಎದುರುಬದುರಾಗಿ ಸಾಗುತ್ತಿದ್ದ ಎರಡು ಕಿಕ್ಕಿರಿದ ಲೋಕಲುಗಳ ಬಾಗಿಲಲ್ಲಿ ನೇತಾಡುತ್ತಿದ್ದವರು ಹಳಿಗೆ ಬಿದ್ದರು, ಜೀವಗಳು ಹೋದವು. ಕೆಲಸಕ್ಕೆ ಹೊರಟಿದ್ದ ದುಡಿಯುವ ಜನ ಅವರು. 2013ರ ಏಪ್ರಿಲ್ 4ರಂದು ಶೀಳ ಫಾಟಾದಲ್ಲಿ ಕಟ್ಟುತ್ತಿದ್ದ ಕಟ್ಟಡ ಕುಸಿದು 74 ಮಂದಿ ಸತ್ತದ್ದನ್ನೂ ಈ ಊರು ಕಂಡಿದೆ. ಇಂಥಲ್ಲಿ ಅನುಕಂಪ ಒಂದು ದಿನದ ಸುದ್ದಿ. ಬೇಕಾದದ್ದು ಹೆಚ್ಚು ರೈಲು, ಭದ್ರವಾದ ಬಾಗಿಲು, ಕಾನೂನಿಗೆ ತಲೆಬಾಗಿದ ಕಟ್ಟಡ. ಅದನ್ನು ಕೇಳಲು ಒಟ್ಟಾಗಿ ನಿಲ್ಲುವುದೂ ಪರಾರ್ಥವೇ. ಜನಪರ ಎಂಬ ಪದದಲ್ಲಿ ‘ಪರ’ ಇರುವುದು ಆ ಕಾರಣಕ್ಕೆ. ಮರುಕಪಡುವವರನ್ನು ಯಾರೂ ಜನಪರರು ಎನ್ನುವುದಿಲ್ಲ, ಪಕ್ಷ ವಹಿಸಿ ಕೇಳುವವರನ್ನು ಎನ್ನುತ್ತಾರೆ.

8. ಪರಸ್ಪರ

ಈ ಬೇರಿನ ಇನ್ನೊಂದು ಪದವನ್ನು ಹೇಳಿ ನನ್ನ ಕೋರಿಕೆಗೆ ಬರುತ್ತೇನೆ. ಅದು ‘ಪರಸ್ಪರ’. ಪರನೊಬ್ಬ, ಎದುರಿಗೆ ಇನ್ನೊಬ್ಬ ಪರ. ಆ ಪದದಲ್ಲಿ ‘ಸ್ವ’ ಎಂಬುದೇ ಇಲ್ಲ. ನಾನು ಅವನನ್ನು ಪರ ಎಂದಷ್ಟೇ ಅವನೂ ನನ್ನನ್ನು ಪರ ಎನ್ನಬಲ್ಲ ಎಂದು ಅದು ನೆನಪಿಸುತ್ತದೆ. ಮರಾಠಿ ನೆಲದಲ್ಲಿ ನಿಂತ ಕನ್ನಡಿಗನಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ನಮ್ಮನ್ನು ಪರರೆಂದಾಗ ನೊಂದವರು ನಾವು. ಆ ನೋವಿನ ನೆನಪು ಇನ್ನೊಬ್ಬರನ್ನು ಪರರೆಂದು ದೂಡುವಾಗ ನಮ್ಮ ಕೈ ತಡೆಯಬೇಕು.

ಈಗ ನನ್ನ ಕೋರಿಕೆ. ಥಾಣೆಯಿಂದ ಕಲ್ಯಾಣದವರೆಗೆ, ಐರೋಲಿಯಿಂದ ಪನವೇಲಿನವರೆಗೆ ಕಟ್ಟಡ ಕೆಲಸಕ್ಕೆ ಕಲಬುರಗಿ, ಯಾದಗಿರಿ, ವಿಜಯಪುರ ಕಡೆಯಿಂದ ಜನ ಬರುತ್ತಾರೆ. ಬೆಳಗ್ಗೆ ಕೂಲಿಯ ನಾಕಾದಲ್ಲಿ ಗುದ್ದಲಿ, ಪುಟ್ಟಿ ಹಿಡಿದು ನಿಂತಿರುತ್ತಾರೆ. ಅವರ ಬಾಯಲ್ಲಿ ಇರುವುದು ನಮ್ಮದೇ ಕನ್ನಡ. ನಮ್ಮ ಸಂಘಗಳ ವಾರ್ಷಿಕೋತ್ಸವದ ಆಮಂತ್ರಣ ಅವರಿಗೆ ತಲುಪುವುದಿಲ್ಲ. ಅವರ ಪಕ್ಕದಲ್ಲೇ ಬಿಹಾರದವರು, ಮರಾಠವಾಡದವರು ನಿಂತಿರುತ್ತಾರೆ. ಕಟ್ಟಡ ಕಾರ್ಮಿಕರ ಕಾನೂನಿನಂತೆ 18ರಿಂದ 60 ವರ್ಷದೊಳಗಿನ, ಹಿಂದಿನ ಹನ್ನೆರಡು ತಿಂಗಳಲ್ಲಿ 90 ದಿನ ದುಡಿದ ಯಾರೇ ಆಗಲಿ ಕಲ್ಯಾಣ ಮಂಡಳಿಯಲ್ಲಿ ಹೆಸರು ನೋಂದಾಯಿಸಬಹುದು. ಹೆಸರಿದ್ದವರಿಗೆ ಸವಲತ್ತುಂಟು. ಹೆಸರು ಸೇರಿಸಲು ಬೇಕಾದದ್ದು ಅರ್ಜಿ, ಪ್ರಮಾಣಪತ್ರ, ಆಧಾರ್, ಬ್ಯಾಂಕ್ ಖಾತೆ. ಅವರಲ್ಲಿ ಹಲವರು ಎಡವುವುದು ಅಲ್ಲಿಯೇ.

ನಮ್ಮ ಪ್ರತಿ ಸಂಘವೂ ವಾರಕ್ಕೊಂದು ಸಂಜೆ ಒಂದು ಮೇಜು, ಇಬ್ಬರು ಓದುಬಲ್ಲವರನ್ನು ನಾಕಾದ ಬಳಿ ಕೂರಿಸಲಿ. ಹಿಂದೆ ರಾತ್ರಿಶಾಲೆ ನಡೆಸಿದ ಜನಕ್ಕೆ ಇದು ಹೊರೆಯಲ್ಲ. ಬಂದವರು ಕನ್ನಡದವರೇ ಎಂದು ಕೇಳಬೇಡಿ. ನಮ್ಮ ವಿದ್ಯಾರ್ಥಿವೇತನದ ಅರ್ಜಿಯಲ್ಲಿ ಜಾತಿಯ ಕಾಲಂ ಎಲ್ಲೆಲ್ಲಿ ಉಳಿದಿದೆಯೋ ಅಲ್ಲೆಲ್ಲ ಅದನ್ನು ಅಳಿಸಿ. ಕನ್ನಡ ಕಲಿಯಬೇಕೆಂದು ಬರುವ ಮರಾಠಿ, ಉರ್ದು, ಹಿಂದಿ ಮಕ್ಕಳಿಗೆ ನಮ್ಮ ತರಗತಿಯ ಬಾಗಿಲು ತೆರೆದಿರಲಿ. ಅವರಿಗೆ ಅಕ್ಷರ ಹೇಳಿಕೊಡಿ. ಅರ್ಜಿ ತುಂಬಿಕೊಡಿ. ಕಚೇರಿಯವರೆಗೆ ಜೊತೆಗೆ ಹೋಗಿ ಕೆಲಸ ಮಾಡಿಸಿಕೊಡಿ. ಕಾಯಿಲೆ ಬಿದ್ದರೆ ನೋಡಿಕೊಳ್ಳಿ.

ಪರರ ಪರ ನಿಲ್ಲುವ ಕೆಲಸವನ್ನು ಈ ವಾರವೇ ಆರಂಭಿಸಿ ಎಂದು ಸಭೆಯಲ್ಲಿರುವ ಸಂಘಗಳ ಪದಾಧಿಕಾರಿಗಳನ್ನು ಕೈಮುಗಿದು ಕೇಳಿಕೊಳ್ಳುತ್ತೇನೆ.